ಮೂವತ್ತು ಸಾವಿರ ಕಟ್ಟಿದರೆ ಅಸಲಿಗೆ 297

ಕಂತು ಕಟ್ಟಿದ್ದು 30,296 ರೂಪಾಯಿ. ಅದರಲ್ಲಿ ಬಡ್ಡಿಗೆ ಹೋಗಿದ್ದು 29,999. ಅಸಲಿಗೆ 297.

ಇದು ನನ್ನ ತಮ್ಮನ ಹೋಮ್ ಲೋನಿನ 2023ರ ಮಾರ್ಚ್ ತಿಂಗಳ ಲೆಕ್ಕ. ನಾನು ಅದನ್ನು ನೋಡಿದ್ದು ಹೊಸತೊಡಕಿನ ದಿನ, ಬೆಂಗಳೂರಿನ ಅವನ ಫ್ಲ್ಯಾಟಿನಲ್ಲಿ. ಯುಗಾದಿಯ ಮಾರನೇ ದಿನ ನಮ್ಮ ಮಂಡ್ಯದ ಕಡೆ ಬಾಡೂಟ ಆಗಲೇಬೇಕು. ತಮ್ಮ ಬೆಳಗಿನ ಜಾವಕ್ಕೇ ಎದ್ದು ಮಟನ್ ಅಂಗಡಿ ಮುಂದೆ ಕ್ಯೂ ನಿಂತಿದ್ದ. ನಿಂತು ನಿಂತು ಬೇಜಾರಾಗಿ ಮೊಬೈಲ್ ತೆಗೆದವನಿಗೆ ಬ್ಯಾಂಕಿನ ಮೆಸೇಜು ಕಂಡಿದೆ. ಬಡ್ಡಿ ದರ 9.20 ಆಗಿದೆ, ಸಾಲದ ಅವಧಿ ಮಿತಿ ಮೀರುತ್ತಿದೆ, ಶಾಖೆಗೆ ಬನ್ನಿ ಅಂತ. ಮನೆಗೆ ಬಂದವನು ಮಾಂಸದ ಚೀಲ ಹೆಂಡತಿ ಕೈಗೆ ಕೊಟ್ಟು, "ಅಕ್ಕಾ, ನೀನು ಮಕ್ಕಳಿಗೆ ಗಣಿತ ಹೇಳ್ಕೊಡ್ತೀಯಲ್ಲ, ಇದನ್ನ ಸ್ವಲ್ಪ ನೋಡು" ಅಂತ ಲ್ಯಾಪ್‌ಟಾಪ್ ತಂದಿಟ್ಟ.

ಒಳಗೆ ಕುಕ್ಕರ್ ಕೂಗಲು ಶುರುವಾಗಿತ್ತು. ನಾನು ಪಿಯು ಕಾಲೇಜಿನಲ್ಲಿ ಗಣಿತ ಪಾಠ ಮಾಡುವವಳು. ಗುಣೋತ್ತರ ಶ್ರೇಢಿಯನ್ನು ಬೋರ್ಡಿನ ಮೇಲೆ ಎಷ್ಟು ಸಲ ಬರೆದಿದ್ದೇನೋ ಲೆಕ್ಕವಿಲ್ಲ. ಅದು ಹೀಗೆ ಮನೆಯವರ ಸಂಬಳ ತಿನ್ನುತ್ತಾ ಕೂತಿರುವುದನ್ನು ಎದುರಿಗೆ ನೋಡಿದ್ದು ಆವತ್ತೇ.

ಕಥೆ ಹೀಗೆ. 2021ರ ಅಕ್ಟೋಬರಿನಲ್ಲಿ ತಮ್ಮ 50 ಲಕ್ಷದ ಫ್ಲ್ಯಾಟ್ ಕೊಂಡ. ಸಾಲ 40 ಲಕ್ಷ, 20 ವರ್ಷಕ್ಕೆ. ಬಡ್ಡಿ 6.70. ಆಗ ರಿಸರ್ವ್ ಬ್ಯಾಂಕಿನ ರೆಪೊ ದರ, ಅಂದರೆ ಅದು ಬ್ಯಾಂಕುಗಳಿಗೆ ಕೊಡುವ ಸಾಲದ ಬಡ್ಡಿ, 4 ಇತ್ತು. ಅದರ ಮೇಲೆ ಬ್ಯಾಂಕಿನದ್ದು 2.70. ಕೋವಿಡ್ ಕಾಲದ ಬಡ್ಡಿ ಅದು. ಅಷ್ಟು ಕಡಿಮೆ ಸಿಕ್ಕಿತು ಅಂತ ಎಲ್ಲರಿಗೂ ಖುಷಿ. ತಿಂಗಳಿಗೆ 30,296ರಂತೆ 240 ಕಂತು ಕಟ್ಟಿದರೆ ಒಟ್ಟು 72.7 ಲಕ್ಷ. ಅಂದರೆ ಬಡ್ಡಿ 32.7 ಲಕ್ಷ. ಈ ಅಂಕಿ ಸಾಲದ ಕಾಗದಗಳಲ್ಲಿ ಎಲ್ಲೋ ಇತ್ತು. ಆದರೆ ಮನೆಯಲ್ಲಿ ಯಾರ ಬಾಯಲ್ಲೂ ಬರಲಿಲ್ಲ. "ಇಎಂಐ ಮೂವತ್ತು, ನನ್ನ ಸಂಬಳಕ್ಕೆ ಆಗುತ್ತೆ" ಅನ್ನುವುದೊಂದೇ ಮಾತು.

2022ರ ಮೇ 4ರಂದು ರಿಸರ್ವ್ ಬ್ಯಾಂಕ್ ನಿಗದಿ ಇಲ್ಲದ ಸಭೆ ಕರೆದು ರೆಪೊ ದರವನ್ನು 4.40ಕ್ಕೆ ಏರಿಸಿತು. ಬೆಲೆ ಏರಿಕೆ ಹಿಡಿತಕ್ಕೆ ಸಿಗುತ್ತಿರಲಿಲ್ಲ. ಅಲ್ಲಿಂದ 2023ರ ಫೆಬ್ರವರಿವರೆಗೆ ಒಟ್ಟು ಆರು ಸಲ ಏರಿಸಿ 6.50ಕ್ಕೆ ತಂದು ನಿಲ್ಲಿಸಿತು. 2019ರ ಅಕ್ಟೋಬರಿನಿಂದ ಬ್ಯಾಂಕುಗಳು ಕೊಡುವ ಹೊಸ ಫ್ಲೋಟಿಂಗ್, ಅಂದರೆ ಬಡ್ಡಿ ಏರಿಳಿಯುವ, ಹೋಮ್ ಲೋನುಗಳೆಲ್ಲ ಇಂಥ ಹೊರಗಿನ ದರಕ್ಕೆ ಕಟ್ಟಿಹಾಕಿದವು. ರೆಪೊ ಎರಡೂವರೆ ಏರಿದರೆ ಸಾಲವೂ ಎರಡೂವರೆ ಏರುತ್ತದೆ. 6.70 ಇದ್ದದ್ದು 9.20 ಆಯಿತು.

ಕಂತು ಮಾತ್ರ ಅದೇ 30,296. ಅದಕ್ಕೇ ತಮ್ಮನಿಗೆ ಏನೂ ಅನ್ನಿಸಿರಲಿಲ್ಲ. ಪ್ರತಿ ತಿಂಗಳು 5ನೇ ತಾರೀಕು ಅಷ್ಟೇ ದುಡ್ಡು ಕಟ್ ಆಗುತ್ತಿತ್ತು. ದರ ಏರಿದಾಗ ಬ್ಯಾಂಕಿನ ಕಂಪ್ಯೂಟರು ಕಂತನ್ನು ಮುಟ್ಟದೆ ಅವಧಿಯನ್ನು ಎಳೆಯುತ್ತಾ ಹೋಗಿತ್ತು. 240 ತಿಂಗಳು ಅಂತ ಇದ್ದದ್ದು ಮುನ್ನೂರು ದಾಟಿ, ನಾನೂರು ದಾಟಿ, ಕೊನೆಗೆ ಕಂಪ್ಯೂಟರಿಗೇ ಸಾಕಾಗಿ ಮೆಸೇಜು ಕಳಿಸಿದೆ. ಇದೇ ಕಂತು ಇಟ್ಟುಕೊಂಡರೆ ಸಾಲ ತೀರಲು ಎಷ್ಟು ದಿನ ಅಂತ ನಾನು ಲೆಕ್ಕ ಹಾಕಿದೆ. 605 ತಿಂಗಳು. ಐವತ್ತು ವರ್ಷದ ಮೇಲೆ. ಅವನಿಗೆ ಆಗ 33. ಎಂಬತ್ಮೂರನೇ ವಯಸ್ಸಿನವರೆಗೂ ಕಂತು ಕಟ್ಟುತ್ತಿರಬೇಕು.

"ಅಯ್ಯೋ, ಬ್ಯಾಂಕಿನೋರು ಮೋಸ ಮಾಡ್ತಾವ್ರೆ. ಮೊದಲೇ ಬಡ್ಡಿ ಹಿಡ್ಕೊಂಡು ಬಿಡ್ತಾರೆ" ಅಂದ ತಮ್ಮ. ಈ ಮಾತನ್ನು ಸ್ಟಾಫ್ ರೂಮಿನಲ್ಲೂ ಬಹಳ ಕೇಳಿದ್ದೇನೆ. ಪೂರ್ತಿ ಸರಿಯಲ್ಲ. ಬ್ಯಾಂಕು ಆ ತಿಂಗಳು ಉಳಿದಿರುವ ಅಸಲಿಗೆ ಮಾತ್ರ ಬಡ್ಡಿ ಹಾಕುತ್ತದೆ. 40 ಲಕ್ಷಕ್ಕೆ 6.70ರಂತೆ ಮೊದಲ ತಿಂಗಳ ಬಡ್ಡಿಯೇ 22,333. ಉಳಿದ 7,963 ಅಸಲಿಗೆ. ಅಸಲು ದೊಡ್ಡದಿರುವ ತನಕ ಬಡ್ಡಿ ದೊಡ್ಡದೇ. ಇದರಲ್ಲಿ ಕೈಚಳಕ ಏನಿಲ್ಲ. ತೊಂದರೆ ಇರುವುದು ಬೇರೆ ಕಡೆ. ಕಂತು ಅಷ್ಟೇ ಇದ್ದು ಬಡ್ಡಿ ಏರಿದರೆ, ಸಣ್ಣದಾಗುವುದು ಅಸಲಿಗೆ ಹೋಗುವ ಪಾಲು. 7,963 ಇದ್ದದ್ದು ಐದು ಸಾವಿರವಾಯಿತು, ಎರಡು ಸಾವಿರವಾಯಿತು, ಕೊನೆಗೆ 297. ಆವರೆಗೆ ಅವನು 17 ಕಂತು ಕಟ್ಟಿದ್ದ. ಒಟ್ಟು 5.15 ಲಕ್ಷ. ಸಾಲ ಇಳಿದಿದ್ದು 87 ಸಾವಿರ.

ಅವ್ವ ಅಲ್ಲೇ ಕೂತು ಬೆಳ್ಳುಳ್ಳಿ ಸುಲಿಯುತ್ತಿದ್ದಳು. "ಬಡ್ಡಿ ಎಷ್ಟ್ಲಾ?" ಅಂತ ಕೇಳಿದಳು. ಒಂಬತ್ತು ಪರ್ಸೆಂಟು ಅಂದರೆ ಅವಳಿಗೆ ಗೊತ್ತಾಗಲ್ಲ. ಊರಲ್ಲಿ ಬಡ್ಡಿ ಅಂದರೆ ನೂರು ರೂಪಾಯಿಗೆ ತಿಂಗಳಿಗೆ ಎಷ್ಟು ಅನ್ನುವ ಲೆಕ್ಕ. ಭಾಗ ಮಾಡಿ, "ನೂರಕ್ಕೆ 77 ಪೈಸೆ ಅವ್ವ" ಅಂದೆ. ಅವಳು ನಕ್ಕುಬಿಟ್ಟಳು. "ಎರಡ್ರೂಪಾಯಿ ಬಡ್ಡಿಗೂ ದುಡ್ಡು ಹುಟ್ಟಲ್ಲ ಊರಲ್ಲಿ. ಮುಕ್ಕಾಲು ರೂಪಾಯಿಗೆ ಯಾರ್ಲಾ ಕೊಡ್ತಾರೆ? ಅದಕ್ಕೆ ಹಿಂಗ್ ಮಖ ಮಾಡ್ಕೊಂಡಿದ್ದೀಯಾ?"

ಅವಳು ಹೇಳಿದ್ದೂ ನಿಜವೇ. ಬಡ್ಡಿ ಕಡಿಮೆಯೇ. ಆದರೆ ಊರಿನ ಎರಡು ರೂಪಾಯಿ ಬಡ್ಡಿಯ ಸಾಲವನ್ನು ಯಾರೂ ಇಪ್ಪತ್ತು ವರ್ಷ ಇಟ್ಟುಕೊಳ್ಳುವುದಿಲ್ಲ. ಬೆಳೆ ಬಂದ ತಕ್ಷಣ ಮೊದಲು ತೀರಿಸುವುದು ಅದನ್ನೇ. ಹೋಮ್ ಲೋನಿನಲ್ಲಿ ದರ ನೋಡಿ ಸಮಾಧಾನ ಪಟ್ಟುಕೊಂಡು ವರ್ಷಗಳನ್ನು ಮರೆಯುತ್ತೇವೆ.

ಆಮೇಲೆ ಅವ್ವನಿಗೆ ಅಪ್ಪನ ಸಾಲ ನೆನಪಾಯಿತು. "ನಿಮ್ಮಪ್ಪ ಮೊದ್ಲು ಅಸಲು ತೀರ್ಸಿ ಆಮ್ಯಾಕೆ ಬಡ್ಡಿ ಕಟ್ಟುದ್ರು ಕಣ್ಲಾ" ಅಂದಳು. ತಮ್ಮ ನಂಬಲಿಲ್ಲ. ಆದರೆ ಅದು ಹಾಗೆಯೇ ಇತ್ತು. ಅಪ್ಪ ಅಂಚೆ ಇಲಾಖೆಯಲ್ಲಿದ್ದವರು. ಕೇಂದ್ರ ಸರ್ಕಾರಿ ನೌಕರರಿಗೆ ಮನೆ ಕಟ್ಟಲು ಎಚ್‌ಬಿಎ ಅಂತ ಮುಂಗಡ ಕೊಡುತ್ತಾರೆ. ಸರಳ ಬಡ್ಡಿ. ಸಂಬಳದಲ್ಲಿ ಮೊದಲು ಅಸಲನ್ನು ಪೂರ್ತಿ ಮುರಿದುಕೊಂಡು, ಅದು ಮುಗಿದ ಮೇಲೆ ಬಡ್ಡಿಯನ್ನು ಬೇರೆ ಕಂತುಗಳಲ್ಲಿ ಮುರಿದುಕೊಳ್ಳುತ್ತಾರೆ. ಮಂಡ್ಯದ ನಮ್ಮ ಮನೆ ಎದ್ದಿದ್ದು ಆ ದುಡ್ಡಿನಲ್ಲಿ. ಐಟಿ ಕಂಪನಿಯ ತಮ್ಮನಿಗೆ ಅಂಥ ಮುಂಗಡ ಯಾರು ಕೊಡುತ್ತಾರೆ? ಅವನ ಸಂಬಳ ನೋಡಿದರೆ ಅಪ್ಪ ನಾಚಿಕೊಳ್ಳಬೇಕು. ಅವನಿಗೆ ಸಿಕ್ಕ ಸಾಲದ ಷರತ್ತು ನೋಡಿದರೆ ಅವನು ಅಪ್ಪನನ್ನು ಕಂಡು ಹೊಟ್ಟೆ ಉರಿದುಕೊಳ್ಳಬೇಕು.

ಊಟ ಮುಗಿಸಿ ಮತ್ತೆ ಕೂತೆವು. ಈಗ ದಾರಿ ಏನು? ಬಾಕಿ 39,12,676. ಮೊದಲು ಹೇಳಿದಂತೆ 2041ಕ್ಕೇ ಸಾಲ ಮುಗಿಯಬೇಕು ಅಂದರೆ ಉಳಿದ 223 ತಿಂಗಳಿಗೆ ಕಂತು 36,676 ಆಗುತ್ತದೆ. ಮೂವತ್ತು ವರ್ಷದವರೆಗೆ ಎಳೆಯಲು ಬ್ಯಾಂಕು ಬಿಡುತ್ತದೆ. ಹಾಗೆ ಮಾಡಿದರೆ 343 ತಿಂಗಳು, ಕಂತು 32,353. ತಮ್ಮನ ಕಣ್ಣು ಎರಡನೆಯದರ ಮೇಲೆ ಹೋಯಿತು. ಎರಡು ಸಾವಿರ ಏರಿದರೆ ಏನಂತೆ, ತಡೆದುಕೊಳ್ಳಬಹುದು ಅಂದ. ನಾನು ಎರಡನ್ನೂ ಗುಣಿಸಿ ತೋರಿಸಿದೆ. ಮೊದಲನೆಯದರಲ್ಲಿ ಇನ್ನು ಕಟ್ಟಬೇಕಾದದ್ದು 81.8 ಲಕ್ಷ. ಎರಡನೆಯದರಲ್ಲಿ 1 ಕೋಟಿ 11 ಲಕ್ಷದ ಹತ್ತಿರ. ತಿಂಗಳಿಗೆ 4,323 ರೂಪಾಯಿ ಉಳಿಸಲು ಹೋಗಿ 29 ಲಕ್ಷ ಜಾಸ್ತಿ.

ಅವನು ಸುಮ್ಮನಿರುವವನಲ್ಲ. "ಅಕ್ಕಾ, 2050ರಲ್ಲಿ ಮೂವತ್ತೆರಡು ಸಾವಿರಕ್ಕೆ ಏನು ಬೆಲೆ ಇರುತ್ತೆ? ಒಂದು ಹೊತ್ತಿನ ಹೋಟೆಲ್ ಬಿಲ್ಲು ಅಷ್ಟೇ" ಅಂದ. ಈ ವಾದದಲ್ಲಿ ಹುರುಳಿದೆ, ಒಪ್ಪಿಕೊಂಡೆ. ಮುಂದೆ ಕಟ್ಟುವ ರೂಪಾಯಿ ಇವತ್ತಿನ ರೂಪಾಯಿಗಿಂತ ಹಗುರ. 29 ಲಕ್ಷ ಅಂತ ನಾನು ಹೆದರಿಸಿದ್ದು ಇವತ್ತಿನ 29 ಲಕ್ಷ ಅಲ್ಲ. ಆದರೆ ಆ ವಾದ ನಿಲ್ಲಬೇಕಾದರೆ ಉಳಿದ 4,323 ರೂಪಾಯಿಯನ್ನು ಪ್ರತಿ ತಿಂಗಳು ತಪ್ಪದೆ 9.20ಕ್ಕಿಂತ ಜಾಸ್ತಿ ಗಳಿಸುವ ಕಡೆ ಹಾಕಬೇಕು. "ಹಾಕ್ತೀಯಾ?" ಅಂದೆ. ಅವನ ಹೆಂಡತಿ ಅಡುಗೆಮನೆಯಿಂದಲೇ "ಹಾಕಲ್ಲ" ಅಂದಳು.

ಅವಳೇ ಇನ್ನೊಂದು ಪ್ರಶ್ನೆಯನ್ನೂ ಕೇಳಿದ್ದು. "ಅಕ್ಕಾ, ಬಾಡಿಗೆ ಮನೇಲೇ ಇದ್ದಿದ್ರೆ?" ಮದುವೆಯಾದಾಗಿನಿಂದ ಇದ್ದ ಮನೆಯ ಬಾಡಿಗೆ 18 ಸಾವಿರ. ವರ್ಷಕ್ಕೆ ಐದು ಪರ್ಸೆಂಟ್ ಏರಿಸುತ್ತಾ ಹೋದರೆ 20 ವರ್ಷದಲ್ಲಿ 71 ಲಕ್ಷ ದಾಟುತ್ತದೆ. ಕೊನೆಗೆ ಮನೆಯೂ ನಮ್ಮದಲ್ಲ. ಹಾಗಾಗಿ ಸಾಲ ಮಾಡಿದ್ದೇ ತಪ್ಪು ಅಂತ ನಾನು ಹೇಳುವುದಿಲ್ಲ. ಮನೆ ಬೇಡ ಅನ್ನುವವರ ಲೆಕ್ಕದಲ್ಲಿ ಈ 71 ಲಕ್ಷ ಕಾಣುವುದೇ ಇಲ್ಲ.

ಆದರೆ ಕೊಂಡಿದ್ದರ ಲೆಕ್ಕವೂ 50 ಲಕ್ಷಕ್ಕೆ ನಿಲ್ಲುವುದಿಲ್ಲ. ಆಗ ಮುದ್ರಾಂಕ ಶುಲ್ಕ ಶೇ 5, ಅದರ ಮೇಲೆ ಸೆಸ್ಸು, ಸರ್ಚಾರ್ಜು, ನೋಂದಣಿ ಶುಲ್ಕ ಶೇ 1. ಎಲ್ಲಾ ಸೇರಿ 6.6, ಅಂದರೆ 3.30 ಲಕ್ಷ. (2025ರ ಆಗಸ್ಟ್ ಕೊನೆಯಿಂದ ನೋಂದಣಿ ಶುಲ್ಕವೇ 2 ಆಗಿದೆ.) ಇದಕ್ಕೆ ಸಾಲ ಸಿಗಲಿಲ್ಲ, ಅವ್ವನ ಎರಡೆಳೆ ಸರ ಹೋಯಿತು. ವಕೀಲರ ಫೀಸು, ಬ್ಯಾಂಕಿನ ಪ್ರೊಸೆಸಿಂಗ್ ಫೀಸು, ಖಾತೆ ಬದಲಾವಣೆ, ವಾರ್ಡ್‌ರೋಬು ಅಂತ ಹೋಗಿದ್ದನ್ನು ಯಾರೂ ಬರೆದಿಟ್ಟಿರಲಿಲ್ಲ.

ನನಗೆ ನಿಜವಾಗಿ ಸಿಟ್ಟು ಬಂದಿದ್ದು ವಿಮೆ ನೋಡಿ. 40 ಲಕ್ಷದಲ್ಲಿ ಮನೆಗೆ ಹೋದದ್ದು 39. ಒಂದು ಲಕ್ಷ ಸಾಲದ ಮೇಲಿನ ವಿಮೆಯ ಪ್ರೀಮಿಯಂ. ಇದಿಲ್ಲದಿದ್ದರೆ ಸಾಲ ಆಗಲ್ಲ ಅನ್ನುವ ಹಾಗೆ ಮಾತಾಡಿ ಹಾಕಿಸಿದ್ದರಂತೆ. ಹಾಗೊಂದು ನಿಯಮವೇ ಇಲ್ಲ. ಅದೂ ಸಾಲಕ್ಕೇ ಸೇರಿಸಿದ್ದರಿಂದ ಆ ಒಂದು ಲಕ್ಷಕ್ಕೂ 20 ವರ್ಷ ಬಡ್ಡಿ. ಹಳೆಯ 6.70ರಲ್ಲೇ ಲೆಕ್ಕ ಹಿಡಿದರೂ ಅಸಲು, ಬಡ್ಡಿ ಸೇರಿ 1.82 ಲಕ್ಷ ಆಗುತ್ತದೆ. ವಿಮೆ ಬೇಡ ಅಂತಲ್ಲ, ಇಷ್ಟು ದೊಡ್ಡ ಸಾಲ ಇರುವವನಿಗೆ ಬೇಕೇ ಬೇಕು. ಸಾಧಾರಣ ಟರ್ಮ್ ಪಾಲಿಸಿ ಮಾಡಿಸಿ ವರ್ಷಕ್ಕೊಮ್ಮೆ ಕಟ್ಟಿಕೊಂಡು ಹೋಗಬಹುದಿತ್ತು.

"ಟ್ಯಾಕ್ಸ್ ಉಳಿಯುತ್ತಲ್ಲ" ಅನ್ನುವುದು ತಮ್ಮನ ಕೊನೆಯ ಅಸ್ತ್ರ. ಹಳೆಯ ತೆರಿಗೆ ಪದ್ಧತಿಯಲ್ಲಿ ನಾವೇ ವಾಸವಿರುವ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ. ಶೇ 20ರ ಸ್ಲ್ಯಾಬಿನಲ್ಲಿ ಸೆಸ್ ಸೇರಿ ಉಳಿಯುವುದು 41,600. ಅವನು ಆ ವರ್ಷ ಕಟ್ಟಲಿರುವ ಬಡ್ಡಿ ಮೂರೂವರೆ ಲಕ್ಷದ ಮೇಲೆ. ಹೊಸ ಪದ್ಧತಿಗೆ ಹೋದರೆ ಆ ವಿನಾಯಿತಿಯೂ ಇಲ್ಲ. 41 ಸಾವಿರ ಉಳಿಯುತ್ತೆ ಅಂತ ಮೂರೂವರೆ ಲಕ್ಷ ಬಡ್ಡಿಯನ್ನು ಯಾರು ಪ್ರೀತಿಸುತ್ತಾರೆ? ಪ್ರೀತಿಸುತ್ತಾರೆ, ಅದೇ ಆಶ್ಚರ್ಯ.

ಎಫ್‌ಡಿಯಲ್ಲಿ ಎರಡು ಲಕ್ಷ ಇತ್ತು. ಅದನ್ನು ಆಗಲೇ ಸಾಲಕ್ಕೆ ಕಟ್ಟಿ, ಕಂತು 36,676 ಇಟ್ಟುಕೊಂಡರೆ ಸಾಲ 27 ತಿಂಗಳು ಮೊದಲೇ ಮುಗಿಯುತ್ತದೆ. ಆ ಕಂತುಗಳು ಸೇರಿದರೆ 9.9 ಲಕ್ಷ. ಶುರುವಿನ ವರ್ಷಗಳಲ್ಲಿ ಕಟ್ಟಿದ ದುಡ್ಡಿಗೆ ಇರುವ ಬಲ ಇದು. ವ್ಯಕ್ತಿಗಳು ತೆಗೆದುಕೊಂಡ ಫ್ಲೋಟಿಂಗ್ ದರದ ಹೋಮ್ ಲೋನಿಗೆ ಮೊದಲೇ ಕಟ್ಟಿದರೆ ದಂಡ ಹಾಕುವ ಹಾಗೂ ಇಲ್ಲ. ಆದರೂ ಕಟ್ಟು ಅಂತ ನಾನು ಒತ್ತಾಯ ಮಾಡಲಿಲ್ಲ. ಅವನ ಹೆಂಡತಿ ಆಗ ಆರು ತಿಂಗಳ ಬಸುರಿ. ಐಟಿ ಕಂಪನಿಗಳಲ್ಲಿ ಕೆಲಸ ತೆಗೆಯುತ್ತಿದ್ದ ಕಾಲ. ಕೈಯಲ್ಲಿ ದುಡ್ಡಿಲ್ಲದೆ ಕೆಲಸ ಹೋದರೆ 9.20ರ ಸಾಲವನ್ನು ಉಳಿಸಲು ಹೋಗಿ ಕ್ರೆಡಿಟ್ ಕಾರ್ಡಿನ ಬಡ್ಡಿಗೆ ಬೀಳಬೇಕಾಗುತ್ತದೆ.

ಶುಕ್ರವಾರ ಶಾಖೆಗೆ ಹೋದೆವು. ಕೌಂಟರಿನಲ್ಲಿದ್ದ ಹುಡುಗಿ ಒಳ್ಳೆಯವಳು. "ಕಂತು ಜಾಸ್ತಿ ಮಾಡಿ ಅಂತ ಕೇಳ್ಕೊಂಡು ಬರೋರು ಕಮ್ಮಿ ಸರ್, ಎಲ್ಲರೂ ಅವಧಿ ಏರಿಸಿ ಅಂತಾರೆ" ಅಂದಳು. ಅರ್ಜಿ ಬರೆದುಕೊಟ್ಟು, ಹೊಸ ಮರುಪಾವತಿ ಪಟ್ಟಿಗೆ ಸೀಲು ಹಾಕಿಸಿಕೊಂಡು ಬಂದೆವು. ಅದೇ ವರ್ಷ ಆಗಸ್ಟ್ 18ಕ್ಕೆ ರಿಸರ್ವ್ ಬ್ಯಾಂಕ್ ಸುತ್ತೋಲೆ ಹೊರಡಿಸಿತು. ದರ ಬದಲಾದಾಗ ಕಂತು ಏರಿಸಬೇಕೋ, ಅವಧಿ ಏರಿಸಬೇಕೋ ಅಂತ ಸಾಲಗಾರರನ್ನು ಕೇಳಬೇಕು, ಮೂರು ತಿಂಗಳಿಗೊಮ್ಮೆ ಬಡ್ಡಿ ಎಷ್ಟು ಹೋಯಿತು, ಅಸಲು ಎಷ್ಟು ಹೋಯಿತು, ಇನ್ನೆಷ್ಟು ಕಂತು ಬಾಕಿ ಅಂತ ತಿಳಿಸಬೇಕು. ಮೊದಲೇ ಬಂದಿದ್ದರೆ ಎಷ್ಟು ಮನೆಗಳಿಗೆ ಅನುಕೂಲವಾಗುತ್ತಿತ್ತೋ.

ಎರಡು ವರ್ಷ ಅವನು ಏರಿಸಿದ ಕಂತನ್ನು ತಪ್ಪದೆ ಕಟ್ಟಿದ. 24 ಕಂತು, 8.80 ಲಕ್ಷ. ಸಾಲ ಇಳಿದಿದ್ದು 1.75 ಲಕ್ಷ. 297ಕ್ಕೆ ಹೋಲಿಸಿದರೆ ಎಷ್ಟೋ ಮೇಲು.

2025ರ ಫೆಬ್ರವರಿಯಿಂದ ರೆಪೊ ಇಳಿಯಲು ಶುರುವಾಯಿತು. ಡಿಸೆಂಬರಿಗೆ 5.25. ಈಗ ಉಲ್ಟಾ ಪ್ರಶ್ನೆ: ಕಂತು ಇಳಿಸಬೇಕೋ, ಅವಧಿ ಇಳಿಸಬೇಕೋ? ಕಂತು ಮುಟ್ಟಬೇಡಿ, ವರ್ಷ ಕಡಿಮೆ ಮಾಡಿಕೊಳ್ಳಿ ಅಂತ ನಾನು ಮಂಡ್ಯದಿಂದ ಫೋನ್ ಮಾಡಿ ಹೇಳಿದೆ. ತಮ್ಮ ಹೂಂ ಅಂದ. ಅವನ ಹೆಂಡತಿ ಫೋನ್ ಇಸ್ಕೊಂಡು, "ಅಕ್ಕಾ, ಮಗೂಗೆ ಸ್ಕೂಲ್ ನೋಡ್ತಿದ್ದೀವಿ. ಫೀಸ್ ಎಷ್ಟು ಗೊತ್ತಾ?" ಅಂದಳು. ಮೊತ್ತ ಕೇಳಿ ನಾನೇ ದಂಗಾದೆ. ಹೊಸ ಕಂತು ಎಷ್ಟಾಗುತ್ತೆ ಅಂತ ಅವಳೇ ಲೆಕ್ಕ ಹಾಕಿಟ್ಟಿದ್ದಳು. ನಾನು ಇನ್ನೊಂದು ಸಲ ಗುಣಿಸಿ ನೋಡಿದೆ. ಸರಿಯಾಗಿತ್ತು.