ಪದಕದ ಶಾಟ್ ಆದಮೇಲೆ ಡೋನಟ್

9 ಜೂನ್ 2024, ಭಾನುವಾರ

ಅಣಕು ಜಾಹೀರಾತು ಬರೆಯಲು ಹೊರಟವರು ಮೊದಲು ನೋಡಬೇಕಾದದ್ದು ಅಮೆರಿಕದ ಟಿವಿ ಹಾಸ್ಯ ಕಾರ್ಯಕ್ರಮ 'ಸ್ಯಾಟರ್‌ಡೇ ನೈಟ್ ಲೈವ್'ನಲ್ಲಿ 1977ರಲ್ಲಿ ಬಂದ 'ಲಿಟಲ್ ಚಾಕೊಲೇಟ್ ಡೋನಟ್ಸ್'. ನಟ ಜಾನ್ ಬೆಲೂಶಿ ಅದರಲ್ಲಿ ಡೆಕಾಥ್ಲಾನ್ (ಓಟ, ಜಿಗಿತ, ಎಸೆತಗಳ ಹತ್ತು ಸ್ಪರ್ಧೆ) ವೀರ. ದಪ್ಪ ಮೈ, ಆದರೂ ಓಡಿ, ಹಾರಿ ಗೆಲ್ಲುತ್ತಾನೆ. ಮರುಕ್ಷಣ ತಿಂಡಿ ಮೇಜಿನ ಮುಂದೆ. ಬೆರಳ ಸಂದಿಯಲ್ಲಿ ಸಿಗರೇಟು. ಬೆಳಿಗ್ಗೆ ಮೈಗೆ ಬೇಕಾದ ಸಕ್ಕರೆ ಈ ಡೋನಟ್‌ನಲ್ಲಿದೆ ಅನ್ನುತ್ತಾನೆ.

1976ರ ಮಾಂಟ್ರಿಯಲ್ ಒಲಿಂಪಿಕ್ಸ್‌ನಲ್ಲಿ ಡೆಕಾಥ್ಲಾನ್ ಚಿನ್ನ ಗೆದ್ದ ಜೆನ್ನರ್ ಆಗ ವೀಟೀಸ್ ಎಂಬ ಗೋಧಿ ತಿಂಡಿಯ ಮುಖವಾಗಿದ್ದರು. ಅದರ ಘೋಷಣೆ 'ಚಾಂಪಿಯನ್ನರ ಉಪಾಹಾರ'. ಅಣಕಿನಲ್ಲಿ ಅದೇ 'ಚಾಂಪಿಯನ್ನರ ಡೋನಟ್' ಆಯಿತು.

ಗಮನಿಸಿ: ಡೋನಟ್ ಬಗ್ಗೆ ಬೆಲೂಶಿ ಸುಳ್ಳು ಹೇಳುವುದೇ ಇಲ್ಲ. ಸಕ್ಕರೆ ನಿಜವಾಗಿಯೂ ಇದೆ! ಸುಳ್ಳು ಇರುವುದು ಎರಡು ಶಾಟ್‌ಗಳ ನಡುವಿನ ಕಟ್‌ನಲ್ಲಿ. ಮೊದಲು ಗೆಲುವು, ಆಮೇಲೆ ಡೋನಟ್. ಡೋನಟ್ ತಿಂದದ್ದರಿಂದಲೇ ಗೆಲುವು ಎಂದು ಸೇರಿಸಿಕೊಳ್ಳುವವರು ನಾವು. ನಮ್ಮ 2019ರ ಗ್ರಾಹಕ ಸಂರಕ್ಷಣಾ ಕಾಯ್ದೆ ದಾರಿತಪ್ಪಿಸುವ ಜಾಹೀರಾತಿನಲ್ಲಿ ಕಾಣಿಸಿಕೊಂಡ ತಾರೆಗೆ 10 ಲಕ್ಷ ರೂಪಾಯಿವರೆಗೆ, ಮತ್ತೆ ತಪ್ಪಿದರೆ 50 ಲಕ್ಷದವರೆಗೆ ದಂಡ ಹಾಕಬಹುದು. ಆದರೆ ಕಾನೂನಿಗೆ ಮಾತು ಸಿಕ್ಕಷ್ಟು ಸುಲಭವಾಗಿ ಕಟ್ ಸಿಗುವುದಿಲ್ಲ. ಅಣಕಿನ ಕೆಲಸ ಅಲ್ಲಿದೆ.

ಮಾಡುವ ಬಗೆ ಹೀಗೆ. 30 ಸೆಕೆಂಡಿನ ಅಸಲಿ ಜಾಹೀರಾತೊಂದನ್ನು ಆರಿಸಿ, ಸದ್ದು ತೆಗೆದು ನೋಡಿ. ತಾರೆಯ ಮುಖ ಎಷ್ಟನೇ ಸೆಕೆಂಡಿಗೆ, ಪ್ಯಾಕೆಟ್ ಎಷ್ಟನೇ ಸೆಕೆಂಡಿಗೆ, ಕೆಳಗಿನ ಚಿಕ್ಕಕ್ಷರದ ಸಾಲು ಎಷ್ಟು ಹೊತ್ತು, ಎಲ್ಲ ಬರೆದುಕೊಳ್ಳಿ. ಆಮೇಲೆ ಕಣ್ಣು ಮುಚ್ಚಿ ಸಂಗೀತ, ದನಿ ಕೇಳಿ. ಬೆಳಕು, ಲಯ, ದನಿ ಹಾಗೇ ಇರಲಿ. ಬದಲಾಗಬೇಕಾದದ್ದು ಸರಕು ಮಾತ್ರ.

ಕೆಡುವುದು ಬಹುಪಾಲು ನಟನಿಂದ. ನಗಿಸುತ್ತಿದ್ದೇನೆ ಎಂಬುದು ಅವನ ಮುಖದಲ್ಲಿ ಕಂಡರೆ ಅದು ಪ್ರಹಸನ, ಜಾಹೀರಾತಲ್ಲ. ಬ್ರ್ಯಾಂಡಿಗೆ ತಮಾಷೆಯ ಹೆಸರಿಟ್ಟರೂ ಅಷ್ಟೇ, ಐದನೇ ಸೆಕೆಂಡಿಗೇ ಗುಟ್ಟು ರಟ್ಟು. 'ಲಿಟಲ್ ಚಾಕೊಲೇಟ್ ಡೋನಟ್ಸ್' ಎಷ್ಟು ಸಪ್ಪೆ ಹೆಸರು ನೋಡಿ, ಅಂಗಡಿಯಲ್ಲಿ ಸಿಕ್ಕರೂ ಸಿಗಬಹುದು.

ಕನ್ನಡದಲ್ಲಿ ಮಾಡುವವರಿಗೆ ಇನ್ನೊಂದು ಸಾಮಗ್ರಿ ಇದೆ, ಬಳಸುವವರು ಕಡಿಮೆ: ಹಿಂದಿಯಿಂದ ಡಬ್ ಆದ ಜಾಹೀರಾತಿನ ಕನ್ನಡ. ತುಟಿ ನಿಂತಮೇಲೂ ಮಾತು ಓಡುತ್ತಿರುತ್ತದೆ; ಮನೆಯಲ್ಲಿ ಯಾವ ಅಮ್ಮನೂ ಆಡದ ವಾಕ್ಯವನ್ನು ಅಮ್ಮ ಆಡುತ್ತಾಳೆ. ಅದನ್ನು ತಿದ್ದಬೇಡಿ. ತುಟಿ ನಿಂತ ಮೇಲೆ ಉಳಿಯುವ ಆ ಎರಡು ಮೂರು ಪದಗಳಲ್ಲೇ ಸರಕಿನ ಹೆಸರು ಬರಲಿ.