ದೀಕ್ಷೆಯ ದಿನ, ರಿಜಿಸ್ಟರ್ ಟೇಬಲ್ಲಿನಿಂದ

ಬೌದ್ಧ ಧರ್ಮಕ್ಕೆ ಸೇರುವ ಧಮ್ಮ ದೀಕ್ಷೆಯ ರಿಜಿಸ್ಟರಿನಲ್ಲಿ ಹೆಸರು, ವಯಸ್ಸು, ಊರು, ಹಿಂದಿನ ಧರ್ಮ, ಮೊಬೈಲ್ ನಂಬರ್, ಸಹಿ ಅಥವಾ ಹೆಬ್ಬೆಟ್ಟು, ಇಷ್ಟಕ್ಕೆ ಕಾಲಂ ಇರುತ್ತವೆ. ಯಾಕೆ ಬರುತ್ತಿದ್ದೀರಿ ಅನ್ನುವುದಕ್ಕೆ ಕಾಲಂ ಇಲ್ಲ. ಆದರೂ ಸರತಿ ಟೇಬಲ್ಲಿಗೆ ಬರುವಷ್ಟರಲ್ಲಿ ಜನ ಕೇಳದೆಯೇ ಅದನ್ನು ಹೇಳಿಬಿಟ್ಟಿರುತ್ತಾರೆ. ಚಾಮರಾಜನಗರ ಜಿಲ್ಲೆಯ ಒಂದು ತಾಲ್ಲೂಕು ಕೇಂದ್ರದ ಅಂಬೇಡ್ಕರ್ ಭವನದಲ್ಲಿ ಅಕ್ಟೋಬರ್ ತಿಂಗಳ ಒಂದು ಭಾನುವಾರ ನಡೆದ ದೀಕ್ಷೆಯಲ್ಲಿ ಆ ಟೇಬಲ್ಲಿನ ಕೆಲಸ ನಮ್ಮದಾಗಿತ್ತು. ಬರೆದುಕೊಂಡದ್ದಕ್ಕಿಂತ ಕಿವಿಗೆ ಬಿದ್ದದ್ದೇ ಹೆಚ್ಚು.

ಮತ ಬಿಡುವವರ ಬಗ್ಗೆ ಹೊರಗಿನವರ ಊಹೆ ಎರಡೇ: ಯಾರೋ ಆಸೆ ತೋರಿಸಿದರು, ಇಲ್ಲವೇ ಯಾರೋ ತಲೆ ತುಂಬಿದರು. ಬೌದ್ಧರಾಗುವುದಕ್ಕೆ ಆಸೆ ತೋರಿಸಲು ಇಲ್ಲಿ ಯಾರ ಕೈಯಲ್ಲೂ ಏನೂ ಇಲ್ಲ. ಶಾಮಿಯಾನಕ್ಕೇ ಚಂದಾ ಎತ್ತಬೇಕು, ಊಟಕ್ಕೆ ಅಕ್ಕಿ ಹಳ್ಳಿಹಳ್ಳಿಯಿಂದ ಬರಬೇಕು. ತಲೆ ತುಂಬಿದ್ದಾರೆ ಅನ್ನುವುದು ಸ್ವಲ್ಪ ನಿಜ. ತುಂಬಿದ್ದು ಸಮಾಜ ಕಲ್ಯಾಣ ಇಲಾಖೆಯ ಹಾಸ್ಟೆಲ್ಲುಗಳು. ಅಲ್ಲಿದ್ದು ಓದಿದ ಹುಡುಗರು ಅಂಬೇಡ್ಕರ್ ಬರಹ ಹಿಡಿದುಕೊಂಡು ಊರಿಗೆ ಬರುತ್ತಾರೆ, ಮಾರಿಹಬ್ಬಕ್ಕೆ ತಮಟೆ ಬಡಿಯುವುದಿಲ್ಲ ಅನ್ನುತ್ತಾರೆ. ಹಬ್ಬಕ್ಕೆ ತಮಟೆ ಇಲ್ಲದೆ ನಡೆಯದು, ತಮಟೆ ಬಡಿಯುವವನು ಗುಡಿಯ ಹೊಸ್ತಿಲು ದಾಟುವಂತಿಲ್ಲ. ಈ ಎರಡನ್ನೂ ಅಪ್ಪ ನುಂಗಿಕೊಂಡಿದ್ದ, ಮಗನಿಗೆ ಆಗುವುದಿಲ್ಲ. ಗಲಾಟೆ ಆಗುತ್ತದೆ, ಪಂಚಾಯಿತಿ ಸೇರುತ್ತದೆ, ದಂಡ ಅಥವಾ ಬಹಿಷ್ಕಾರದ ಮಾತು ಬರುತ್ತದೆ. ಸರತಿಯಲ್ಲಿದ್ದ ಅರವತ್ತು ದಾಟಿದ ಒಬ್ಬರು ಹೇಳಿದ್ದು ಹೀಗೆ: "ದೇವ್ರು ಬ್ಯಾಡ ಅಂತಲ್ಲ ಕನಣ್ಣ. ಆ ದೇವ್ರ ಬಾಗ್ಲಲ್ಲಿ ನಿಂತ್ಕಳದು ಸಾಕಾಯ್ತು." ನಂಬಿಕೆ ಹೋಗಿ ಮತ ಬಿಡುವವರು ಈ ಸರತಿಯಲ್ಲಿ ಕಡಿಮೆ. ಮರ್ಯಾದೆಗಾಗಿ ಬಿಡುವವರೇ ಬಹಳ. ನಂಬಿಕೆ ಆಮೇಲೆ ನಿಧಾನವಾಗಿ ಕಳಚಿಕೊಳ್ಳುತ್ತದೆ, ಕೆಲವರಲ್ಲಿ ಕಳಚಿಕೊಳ್ಳುವುದೇ ಇಲ್ಲ.

ಹೆಂಗಸರ ಕಾರಣ ಬೇರೆ. ಹರಕೆ, ಪರ (ದೇವರ ಹೆಸರಿನ ಊಟ), ಮರಿ ಕೊಯ್ದು ನೆಂಟರಿಗೆ ಊಟ ಹಾಕುವುದು, ಇವಕ್ಕೆಲ್ಲ ಮಹಿಳಾ ಸಂಘದ ಸಾಲ ಅವರ ಹೆಸರಿನಲ್ಲೇ ಇರುತ್ತದೆ. ವಾರದ ಕಂತು ಕಟ್ಟುವವರೂ ಅವರೇ. ಗಂಡನ ಕುಡಿತ ಇನ್ನೊಂದು. "ಅಲ್ಲಿ ಕುಡಿಯಕಿಲ್ಲ ಅಂತ ಮಾತು ತಗತಾರಂತಲ್ಲ" ಎಂದು ಗಂಡನನ್ನು ರಟ್ಟೆ ಹಿಡಿದು ಕರೆತಂದವರೂ ಇದ್ದರು. ಅದೂ ಕಾರಣವೇ. ದರ್ಶನಶಾಸ್ತ್ರ ಓದಿ ಬಂದವರ ಕಾರಣ ದೊಡ್ಡದು, ಇವರದು ಚಿಕ್ಕದು ಎಂದು ನಾವು ತೂಗಲು ಹೋಗಬಾರದು.

ಒಂದೇ ಘಟನೆ ಸಿಡಿದು ಊರಿಗೆ ಊರೇ ಬಿಡುವುದೂ ಉಂಟು. ಗುಜರಾತಿನ ಊನಾದಲ್ಲಿ 2016ರ ಜುಲೈನಲ್ಲಿ ಸತ್ತ ದನದ ಚರ್ಮ ಸುಲಿದರೆಂದು ಹೊಡೆಸಿಕೊಂಡ ಕುಟುಂಬ ಬೌದ್ಧ ದೀಕ್ಷೆ ತೆಗೆದುಕೊಂಡಿತು. ಅದೂ 2018ರ ಏಪ್ರಿಲ್‌ನಲ್ಲಿ. ಹೊಡೆತಕ್ಕೂ ದೀಕ್ಷೆಗೂ ನಡುವೆ ಹತ್ತಿರ ಹತ್ತಿರ ಎರಡು ವರ್ಷ. ಅಂಬೇಡ್ಕರ್ ಅವರೇ ಯೇವಲಾದಲ್ಲಿ 1935ರ ಅಕ್ಟೋಬರ್ 13ರಂದು ಹಿಂದೂವಾಗಿ ಸಾಯುವುದಿಲ್ಲ ಎಂದು ಘೋಷಿಸಿದರು, ನಾಗಪುರದಲ್ಲಿ ದೀಕ್ಷೆ ಪಡೆದದ್ದು 1956ರ ಅಕ್ಟೋಬರ್ 14ರಂದು. ಬಿಡುತ್ತೇನೆ ಅನ್ನುವುದಕ್ಕೂ ಬಿಡುವುದಕ್ಕೂ ಮಧ್ಯೆ 21 ವರ್ಷ. ಹಳ್ಳಿಯ ಮನೆಗಳಲ್ಲೂ ಹೀಗೇ: ಮಗ ಪಿಯುಸಿಯಲ್ಲಿದ್ದಾಗ ಎತ್ತಿದ ಮಾತು ಅವನ ಮದುವೆಯ ಹೊತ್ತಿಗೆ ಇತ್ಯರ್ಥವಾಗುತ್ತದೆ.

ಇನ್ನು ದಿನದ ಕೆಲಸದ ವಿಚಾರ. ಇಂಥ ಕಾರ್ಯಕ್ರಮ ಕೆಡುವುದು ಗಡಿಯಾರದ ಕೈಯಲ್ಲಿ. ಥೇರವಾದ ಪಂಥದ ಬೌದ್ಧ ಭಿಕ್ಖುಗಳು, ಅಂದರೆ ನಾವು ಭಂತೇಜಿ ಅನ್ನುವವರು, ಮಧ್ಯಾಹ್ನ ಹನ್ನೆರಡು ದಾಟಿದ ಮೇಲೆ ಊಟ ಮಾಡುವುದಿಲ್ಲ. ಹಾಗಾಗಿ ಹನ್ನೊಂದಕ್ಕೆಲ್ಲ ಭಂತೇಜಿಗಳಿಗೆ ಭೋಜನದಾನ ಆಗಬೇಕು. ಕಾರ್ಯಕ್ರಮ ಹತ್ತಕ್ಕೆ ಎಂದು ಕರಪತ್ರದಲ್ಲಿ ಅಚ್ಚಾಗಿರುತ್ತದೆ, ಶಾಸಕರು ಬರುವುದು ಹನ್ನೊಂದೂವರೆಗೆ. ಅವರಿಗಾಗಿ ಕಾದರೆ ದೀಕ್ಷೆ ಮಧ್ಯಾಹ್ನ ಮೂರಕ್ಕೆ ಬೀಳುತ್ತದೆ. ಅಷ್ಟರಲ್ಲಿ ಮಕ್ಕಳನ್ನು ಕಟ್ಟಿಕೊಂಡು ಬಂದವರು ಬಸ್ಸಿನ ಹೊತ್ತಾಯಿತೆಂದು ಎದ್ದು ಹೋಗಿರುತ್ತಾರೆ. ಅದಕ್ಕೆ ಒಂದೇ ದಾರಿ: ಒಂಬತ್ತಕ್ಕೆ ನೋಂದಣಿ ಮುಗಿಸಿ, ಒಂಬತ್ತೂವರೆಗೆ ದೀಕ್ಷೆ ಶುರು ಮಾಡಿ ಹತ್ತೂವರೆಗೆ ಮುಗಿಸುವುದು. ಭಾಷಣ ಆಮೇಲೆ ಎಷ್ಟಾದರೂ ಆಗಲಿ.

ವೇದಿಕೆಗೆ ಬೇಕಾದದ್ದು ಕಡಿಮೆ: ಬುದ್ಧನ ಪ್ರತಿಮೆ, ಬಾಬಾಸಾಹೇಬರ ಫೋಟೊ, ಮೇಣದಬತ್ತಿ, ಊದುಬತ್ತಿ, ಹೂವು, ಪಂಚಶೀಲ ಧ್ವಜ. ದೀಕ್ಷೆಗೆ ಕೂರುವವರಿಗೆ ಬಿಳಿ ಬಟ್ಟೆ. ಇಲ್ಲದವರು ಇರುವುದನ್ನೇ ಉಟ್ಟು ಬರಲಿ, ಅದಕ್ಕೆ ಸಾಲ ಮಾಡಿಸಬಾರದು. ತೆಂಗಿನಕಾಯಿ, ಕರ್ಪೂರ, ಕುಂಕುಮ ಬೇಡ ಎಂದು ಎಷ್ಟು ಸಲ ಹೇಳಿದರೂ ಯಾರಾದರೂ ಒಬ್ಬರು ಚೀಲದಲ್ಲಿ ಕಾಯಿ ತಂದೇ ತರುತ್ತಾರೆ. ಅದನ್ನು ಕಿತ್ತುಕೊಂಡು ಎಲ್ಲರೆದುರು ಬುದ್ಧಿ ಹೇಳುವ ಯುವಕರನ್ನು ಟೇಬಲ್ಲಿನಿಂದ ದೂರ ಇಡಬೇಕು. ಕಾಯಿ ಅಡುಗೆಮನೆಗೆ ಹೋದರೆ ಚಟ್ನಿಗಾಗುತ್ತದೆ, ಅಜ್ಜಿಯ ಮಾನವೂ ಉಳಿಯುತ್ತದೆ.

ಕ್ರಮ ಹೀಗೆ: "ನಮೋ ತಸ್ಸ ಭಗವತೋ ಅರಹತೋ ಸಮ್ಮಾಸಂಬುದ್ಧಸ್ಸ" ಮೂರು ಸಲ. ಆಮೇಲೆ ಬುದ್ಧ, ಧಮ್ಮ, ಸಂಘಕ್ಕೆ ಶರಣು ಹೇಳುವ ತ್ರಿಸರಣ, ಅದೂ ಮೂರು ಸುತ್ತು. ಆಮೇಲೆ ಕೊಲ್ಲುವುದಿಲ್ಲ, ಕದಿಯುವುದಿಲ್ಲ ಮುಂತಾದ ಐದು ನೇಮಗಳ ಪಂಚಶೀಲ. ಪಾಳಿ ಸಾಲುಗಳನ್ನು ಪೂರ್ತಿ ಹೇಳಿಕೊಟ್ಟರೆ ಜನ ಅರ್ಧಕ್ಕೇ ನಿಲ್ಲುತ್ತಾರೆ; "ಪಾಣಾತಿಪಾತಾ", ನಿಲುಗಡೆ, "ವೇರಮಣೀ", ನಿಲುಗಡೆ, ಹೀಗೆ ಒಂದೊಂದೇ ಪದ ಬಿಡಿಸಿ ಹೇಳಿಕೊಡಬೇಕು. ಕೊನೆಗೆ ಅಂಬೇಡ್ಕರ್ ಅವರು ಕೊಟ್ಟ 22 ಪ್ರತಿಜ್ಞೆಗಳು, ಕನ್ನಡದಲ್ಲಿ. ನಿಧಾನವಾಗಿ ಓದಿಸಿದರೆ ಇಪ್ಪತ್ತು ನಿಮಿಷ.

ಈ ಇಪ್ಪತ್ತು ನಿಮಿಷದಲ್ಲಿ ಯಾವುದು ಜನರಿಗೆ ಸಲೀಸು, ಯಾವುದು ಕಷ್ಟ ಎಂಬುದು ದನಿಯಲ್ಲೇ ಗೊತ್ತಾಗಿಬಿಡುತ್ತದೆ. ಬ್ರಹ್ಮ, ವಿಷ್ಣು, ಮಹೇಶ್ವರರನ್ನು ಪೂಜಿಸುವುದಿಲ್ಲ ಎಂಬ ಮೊದಲನೆಯದಕ್ಕೆ ಭವನ ಅದುರುವಂತೆ ದನಿ. ಎಲ್ಲ ಮನುಷ್ಯರೂ ಸಮಾನರೆಂಬ ಒಂಬತ್ತನೆಯದಕ್ಕೆ ಇನ್ನೂ ಜೋರು. ಶ್ರಾದ್ಧ ಮಾಡುವುದಿಲ್ಲ, ಪಿಂಡ ಇಡುವುದಿಲ್ಲ ಎಂಬ ಆರನೆಯದು ಬಂದಾಗ ಹಿರಿಯರ ಸಾಲು ತಗ್ಗಿತು. ಮದ್ಯ ಕುಡಿಯುವುದಿಲ್ಲ ಎಂಬ ಹದಿನೇಳನೆಯದರಲ್ಲಿ ಗಂಡಸರ ಕಡೆಯಿಂದ ಗೊಣಗು, ಹೆಂಗಸರ ಕಡೆಯಿಂದ ಜೋರು ದನಿ, ಹಿಂದಿನ ಸಾಲಿನಲ್ಲಿ ನಗು.

ಈ ಸೀಮೆಗೇ ಸೇರಿದ ಒಂದು ಪ್ರಶ್ನೆಯನ್ನು ಪ್ರತಿಜ್ಞೆಯ ಹಾಳೆ ಕೈಗೆ ಕೊಟ್ಟಾಗ ಒಬ್ಬರಲ್ಲ ಒಬ್ಬರು ಕೇಳುತ್ತಾರೆ. "ಇದರಲ್ಲಿ ಸಿದ್ದಪ್ಪಾಜಿ ಹೆಸರಿಲ್ವಲ್ಲ ಅಣ್ಣ?" ಇಲ್ಲ, ನಿಜ. ರಾಮ, ಕೃಷ್ಣ, ಗೌರಿ, ಗಣಪತಿ ಇದ್ದಾರೆ. ಈ ಸೀಮೆಯ ಜನ ನಡೆದುಕೊಳ್ಳುವ ಜನಪದ ಗುರುಗಳಾದ ಸಿದ್ದಪ್ಪಾಜಿ, ಮಂಟೇಸ್ವಾಮಿ ಇಲ್ಲ. ಮಲೆ ಮಹದೇಶ್ವರ ಬೆಟ್ಟದ ಮಾದಪ್ಪನನ್ನು ಮಹೇಶ್ವರನ ಲೆಕ್ಕಕ್ಕೆ ಸೇರಿಸಬೇಕೋ ಬೇಡವೋ ಎಂಬುದೇ ಒಂದು ಚರ್ಚೆ. ರಾಮ, ಕೃಷ್ಣರನ್ನು ಬಿಡುವುದು ಈ ಜನಕ್ಕೆ ನಷ್ಟವೇ ಅಲ್ಲ. ಅವರು ಎಂದೂ ಇವರ ಮನೆಯೊಳಗೆ ಇರಲಿಲ್ಲ. ಸಿದ್ದಪ್ಪಾಜಿಯ ಚಿಕ್ಕಲ್ಲೂರು ಜಾತ್ರೆ ಹಾಗಲ್ಲ. ಅಲ್ಲಿ ಬೆಂಕಿ ಹಚ್ಚುವ ಚಂದ್ರಮಂಡಲ ನೋಡಿ, ಪಂಕ್ತಿಸೇವೆಯಲ್ಲಿ ಕೂತು ಉಂಡು ಬಂದ ಮನೆಗಳಿವು. ಮಂಟೇಸ್ವಾಮಿ ಪರಂಪರೆಯ ಗಾಯಕರಾದ ನೀಲಗಾರರು ರಾತ್ರಿಯಿಡೀ ಹಾಡುವ ಕಾವ್ಯದಲ್ಲಿ ಮಂಟೇಸ್ವಾಮಿ ಕಲ್ಯಾಣಕ್ಕೆ ಹೋಗಿ ಬಸವಣ್ಣನನ್ನೇ ಪರೀಕ್ಷೆಗೆ ಒಡ್ಡುತ್ತಾನೆ. ದೊಡ್ಡವರ ಧರ್ಮವನ್ನು ಪ್ರಶ್ನಿಸುವುದನ್ನು ಈ ಜನ ಕಲಿತದ್ದೇ ಆ ಹಾಡಿನಲ್ಲಿ ಎಂದು ನನ್ನ ಅನಿಸಿಕೆ. ಅದನ್ನೂ ಬಿಟ್ಟು ಬನ್ನಿ ಎಂದರೆ ಯಾವ ಬಾಯಲ್ಲಿ ಹೇಳುವುದು? ಕೆಲವು ಭಂತೇಜಿಗಳು ಬಿಡಬೇಕೆನ್ನುತ್ತಾರೆ, ಕೆಲವು ಸಂಘಟಕರು ಗುರುವಾಗಿ ನೆನೆಯಿರಿ, ಹರಕೆ ಬಿಡಿ ಎನ್ನುತ್ತಾರೆ. ಎರಡನೆಯದೇ ಮನೆಗಳಲ್ಲಿ ನಿಂತಿದೆ.

ಪ್ರಮಾಣಪತ್ರ ಹಂಚುವ ಹೊತ್ತಿಗೆ ಕಾಗದದ ತಕರಾರು ಶುರುವಾಗುತ್ತದೆ. ಇಲ್ಲಿ ಆಗುವ ಎಡವಟ್ಟೇ ಆಮೇಲೆ ಮಕ್ಕಳ ತಲೆಗೆ ಬರುವುದರಿಂದ ಸ್ವಲ್ಪ ಬಿಡಿಸಿ ಹೇಳಬೇಕು. 1950ರ ಪರಿಶಿಷ್ಟ ಜಾತಿಗಳ ಆದೇಶ ಮೊದಲಿಗೆ ಬಹುಮಟ್ಟಿಗೆ ಹಿಂದೂಗಳನ್ನಷ್ಟೇ ಒಪ್ಪಿಕೊಂಡಿತ್ತು. 1956ರಲ್ಲಿ ಸಿಖ್ಖರು, 1990ರಲ್ಲಿ ಬೌದ್ಧರು ಸೇರಿದರು. ಹಾಗಾಗಿ ದೀಕ್ಷೆ ತೆಗೆದುಕೊಂಡರೆ ಎಸ್‌ಸಿ ಮೀಸಲಾತಿ ಹೋಗುವುದಿಲ್ಲ. ಕ್ರೈಸ್ತ, ಮುಸ್ಲಿಂ ಆದವರಿಗೆ ಹೋಗುತ್ತದೆ. ಯಾರು ಯಾವ ಕಡೆಗೆ ಹೊರಳುತ್ತಾರೆ ಎಂಬುದರಲ್ಲಿ ಈ ಒಂದು ಸಾಲಿನ ಪಾಲು ದೊಡ್ಡದು, ಬಾಯಿಬಿಟ್ಟು ಹೇಳುವವರು ಕಡಿಮೆ. ಆದರೆ ಉತ್ಸಾಹದಲ್ಲಿ ಶಾಲೆಯ ಅರ್ಜಿಯ ಜಾತಿ ಕಾಲಂನಲ್ಲಿ "ಬೌದ್ಧ" ಎಂದು ಬರೆದರೆ ಕೆಲಸ ಕೆಟ್ಟಿತು. ಕರ್ನಾಟಕದ ಪರಿಶಿಷ್ಟ ಜಾತಿ ಪಟ್ಟಿಯಲ್ಲಿ 101 ಜಾತಿಗಳಿವೆ, ಬೌದ್ಧ ಎಂಬುದು ಅದರಲ್ಲಿಲ್ಲ. ನಾಡಕಚೇರಿಯಲ್ಲಿ ಅರ್ಜಿ ಅಲ್ಲೇ ನಿಲ್ಲುತ್ತದೆ. ಧರ್ಮ: ಬೌದ್ಧ, ಜಾತಿ: ಅಪ್ಪನ ಪ್ರಮಾಣಪತ್ರದಲ್ಲಿ ಏನಿದೆಯೋ ಅದೇ, ಅಕ್ಷರವೂ ಬದಲಾಗದಂತೆ. ಜಾತಿ ಬಿಡಬೇಕೆಂದು ಬಂದವರಿಗೆ ಜಾತಿ ಕಾಲಂ ತುಂಬಿ ಎಂದು ಹೇಳುವುದು ಹೇಳುವವರಿಗೇ ಕಸಿವಿಸಿ. ಬೇರೆ ದಾರಿಯಿಲ್ಲ.

ಹೆಸರು ಬದಲಿಸಿಕೊಳ್ಳುವ ಆಸೆಯೂ ಅವತ್ತೇ ಹುಟ್ಟುತ್ತದೆ. ದೊಡ್ಡವರು ಆ ಗೋಜಿಗೆ ಹೋಗದಿರುವುದು ಮೇಲು. ಅಫಿಡವಿಟ್, ಪತ್ರಿಕಾ ಪ್ರಕಟಣೆ, ಗೆಜೆಟ್ ಎಲ್ಲ ಆದಮೇಲೂ ಎಸ್ಸೆಸ್ಸೆಲ್ಸಿ ಅಂಕಪಟ್ಟಿಯಲ್ಲಿ ಒಂದು, ಆಧಾರ್‌ನಲ್ಲಿ ಒಂದು ಉಳಿದು ಪಹಣಿಯವರೆಗೆ ಪರದಾಟ. ಹುಟ್ಟುವ ಮಗುವಿಗೆ ಸಿದ್ಧಾರ್ಥ, ಮೈತ್ರಿ ಎಂದು ಇಟ್ಟರೆ ಖರ್ಚೂ ಇಲ್ಲ, ಕಚೇರಿಯೂ ಇಲ್ಲ.

ಕಾನೂನಿನದು ಇನ್ನೊಂದು ಅಂಕ. 2022ರ ಮತಾಂತರ ಕಾಯ್ದೆ, ಮತ ಬದಲಿಸುವವರು 30 ದಿನ ಮುಂಚೆ ಜಿಲ್ಲಾ ಮ್ಯಾಜಿಸ್ಟ್ರೇಟರಿಗೆ ಘೋಷಣೆ ಕೊಡಬೇಕು, ಮಾಡಿಸುವವರೂ ಕೊಡಬೇಕು ಎಂದಿತು. ಆಕ್ಷೇಪಣೆಗಾಗಿ ಕಚೇರಿಯ ನೋಟಿಸ್ ಬೋರ್ಡಿಗೆ ಅದನ್ನು ಹಾಕಬೇಕೆಂದೂ ಹೇಳಿತು. 2023ರ ಜೂನ್‌ನಲ್ಲಿ ರಾಜ್ಯ ಸಂಪುಟ ಆ ಕಾಯ್ದೆಯನ್ನು ಹಿಂತೆಗೆಯಲು ತೀರ್ಮಾನಿಸಿತು. ಇಂಥ ನಿಯಮದಲ್ಲಿ ತೊಂದರೆ ಕೊಡುವುದು ಶಿಕ್ಷೆಗಿಂತ ಆ ಬೋರ್ಡು. ಕೂಲಿಗೆ ಹೋಗುವ ಜಮೀನಿನ ಯಜಮಾನರು ಮೂವತ್ತು ದಿನ ಮುಂಚೆಯೇ ಹೆಸರು ಓದಿದರೆ ಮೂವತ್ತೊಂದನೆಯ ದಿನಕ್ಕೆ ಕೂಲಿ ಇರುವುದಿಲ್ಲ. ದಿನಾಂಕ ಗೊತ್ತು ಮಾಡುವ ಮೊದಲು ವಕೀಲರೊಬ್ಬರ ಹತ್ತಿರ ಕೂತು ಅವತ್ತಿಗೆ ಜಾರಿಯಲ್ಲಿರುವುದನ್ನು ಓದಿಸಿಕೊಳ್ಳಬೇಕು.

ಇಷ್ಟೆಲ್ಲ ಆಗಿ ಲೆಕ್ಕದಲ್ಲಿ ಉಳಿಯುವವರು ಎಷ್ಟು? 2001ರ ಜನಗಣತಿಯಲ್ಲಿ ಕರ್ನಾಟಕದ ಬೌದ್ಧರು ಸುಮಾರು 3.93 ಲಕ್ಷ, 2011ರಲ್ಲಿ ಸುಮಾರು 95 ಸಾವಿರ. ಕಲಬುರಗಿಯ ಬುದ್ಧವಿಹಾರ ಎದ್ದು ನಿಂತ ದಶಕದಲ್ಲೇ ಸಂಖ್ಯೆ ಕಾಲುಭಾಗಕ್ಕೆ ಇಳಿಯಿತು. ಅಷ್ಟೂ ಜನ ವಾಪಸ್ ಹೋದರೆಂದು ನಾನು ನಂಬುವುದಿಲ್ಲ. ಎಸ್‌ಸಿ ಎಂದು ಹೇಳಿದ ಕೂಡಲೇ ಗಣತಿದಾರರು ಧರ್ಮದ ಕಾಲಂನಲ್ಲಿ ಹಿಂದೂ ಎಂದು ತಾವೇ ತುಂಬಿಬಿಡುವುದುಂಟು. ಬೌದ್ಧ ಎಂದು ಬರೆಸಿದರೆ ಮಗಳ ಸ್ಕಾಲರ್‌ಶಿಪ್ ಹೋದೀತೆಂದು ಸುಮ್ಮನಾಗುವ ತಾಯಂದಿರೂ ಉಂಟು. ಗಣತಿದಾರರ ಎದುರು ಕೂತು ಏನು ಬರೆದರೆಂದು ತೋರಿಸಿ ಅನ್ನಬೇಕೆಂಬುದನ್ನು ದೀಕ್ಷೆಯ ದಿನವೇ ಮೈಕಿನಲ್ಲಿ ಹೇಳುವುದು ಭಾಷಣಕ್ಕಿಂತ ಉಪಯೋಗ.

ನಿಜವಾಗಿ ವಾಪಸ್ ಹೋಗುವವರೂ ಇದ್ದಾರೆ, ಅವರಿಗೆ ಅದಕ್ಕೆ ಸಿದ್ಧಾಂತ ಬೇಕಿಲ್ಲ. ದೀಕ್ಷೆಯಾದ ಮೊದಲ ಪಿತೃಪಕ್ಷಕ್ಕೇ ಮನೆ ಅಲುಗಾಡುತ್ತದೆ. ಹಿರಿಯರಿಗೆ ಎಡೆ ಇಡದೆ ಅಡುಗೆ ಇಳಿಸುವುದು ಹೇಗೆ? ಸತ್ತ ಗಂಡನಿಗೆ ಇಷ್ಟವಾದದ್ದನ್ನು ವರ್ಷಕ್ಕೊಮ್ಮೆ ಮಾಡಿ ಬಡಿಸುತ್ತಿದ್ದ ಅತ್ತೆಗೆ ಆರನೇ ಪ್ರತಿಜ್ಞೆ ಓದಿ ಹೇಳುವ ಸೊಸೆ ಎಲ್ಲಿದ್ದಾಳೆ? ಎಡೆ ತೆಗೆದುಹಾಕಿ ಆ ಜಾಗ ಖಾಲಿ ಬಿಟ್ಟ ಮನೆಗಳಲ್ಲಿ ಎರಡು ವರ್ಷಕ್ಕೆಲ್ಲ ಎಡೆ ವಾಪಸ್ ಬರುತ್ತದೆ, ಹಿಂದೆಯೇ ಮಾರಿಹಬ್ಬದ ವಂತಿಗೆಯೂ ಬರುತ್ತದೆ. ಅದೇ ದಿನ ಅದೇ ಅಡುಗೆ ಮಾಡಿ, ಫೋಟೊ ಮುಂದೆ ಮೇಣದಬತ್ತಿ ಹಚ್ಚಿ, ಸತ್ತವರಿಗೆ ಪುಣ್ಯ ಅರ್ಪಿಸುವ ಪುಣ್ಯಾನುಮೋದನೆ ಹೇಳಿಸಿ, ನಾಲ್ಕು ಜನರಿಗೆ ಊಟ ಹಾಕಿದ ಮನೆಗಳು ಉಳಿದಿವೆ. ಸಾವಿನ ಮನೆಯಲ್ಲೂ ಇದೇ ಕಥೆ. ಮೂರನೇ ದಿನದ ಹಾಲುತುಪ್ಪ ಬೇಡ ಅಂದಷ್ಟಕ್ಕೆ ನಿಲ್ಲಿಸಿದರೆ ನೆಂಟರು ಸುಮ್ಮನಿರುವುದಿಲ್ಲ. ಏಳನೇ ದಿನ ಪರಿತ್ತ ಪಾರಾಯಣ (ಬೌದ್ಧ ಸುತ್ತಗಳ ಪಠಣ) ಎಂದು ಅಂದೇ ಸಾರಿಬಿಡಬೇಕು.

ಮದುವೆಗೆ ಭಂತೇಜಿ ಸಿಗುವುದಿಲ್ಲ ಎಂಬುದು ಸಾಮಾನ್ಯ ದೂರು. ಲಗ್ನದ ಕಾಲದಲ್ಲಿ ಮೈಸೂರು, ಬೆಂಗಳೂರಿನಿಂದ ಬರುವ ಭಿಕ್ಖುಗಳ ಭಾನುವಾರಗಳು ತಿಂಗಳುಗಟ್ಟಲೆ ಮುಂಚೆಯೇ ಗೊತ್ತಾಗಿರುತ್ತವೆ. ಆಗ ಹುಡುಗಿ ಕಡೆಯವರು ನಮ್ಮೂರ ಪುರೋಹಿತರೇ ಸಾಕು ಎನ್ನುತ್ತಾರೆ, ಬ್ರಾಹ್ಮಣರಿಂದ ಯಾವ ಕಾರ್ಯವನ್ನೂ ಮಾಡಿಸುವುದಿಲ್ಲ ಎಂಬ ಎಂಟನೇ ಪ್ರತಿಜ್ಞೆ ಅಲ್ಲಿಗೆ ಮುಗಿಯಿತು. ನಾಗಪುರದಲ್ಲಿ ಅಂಬೇಡ್ಕರ್ ಅವರಿಗೆ ದೀಕ್ಷೆ ಕೊಟ್ಟವರು ಹಿರಿಯ ಭಿಕ್ಖು ಚಂದ್ರಮಣಿ. ನೆರೆದಿದ್ದ ಲಕ್ಷಾಂತರ ಜನರಿಗೆ ಕೊಟ್ಟವರು ಗೃಹಸ್ಥರಾದ ಅಂಬೇಡ್ಕರ್ ಅವರೇ. ಹಾಗಿರುವಾಗ ಒಂದು ಮದುವೆಗೆ ಕಾವಿಯೇ ಬೇಕೆಂದು ಕಾಯಬೇಕಾಗಿಲ್ಲ. ತ್ರಿಸರಣ, ಪಂಚಶೀಲ ಬಾಯಿಪಾಠ ಇರುವ ಇಬ್ಬರು ಉಪಾಸಕರು (ಗೃಹಸ್ಥ ಬೌದ್ಧರು) ಪ್ರತಿ ಊರಲ್ಲೂ ಇರಬೇಕು, ಅದರಲ್ಲಿ ಒಬ್ಬರಾದರೂ ಹೆಂಗಸಾಗಿರಬೇಕು. ಬೌದ್ಧರ ಮದುವೆಗೂ 1955ರ ಹಿಂದೂ ವಿವಾಹ ಕಾಯ್ದೆಯೇ ಅನ್ವಯ ಆಗುವುದರಿಂದ ನೋಂದಣಿ ಅಲ್ಲೇ ಆಗುತ್ತದೆ. ಸಬ್ ರಿಜಿಸ್ಟ್ರಾರ್ ಕಚೇರಿಗೆ ಹೋಗುವಾಗ ಲಗ್ನಪತ್ರಿಕೆ, ಹಾರ ಬದಲಿಸಿಕೊಂಡ ಫೋಟೊ, ವಿಹಾರದ ಪತ್ರ ಮೂರನ್ನೂ ಜೊತೆಗಿಟ್ಟುಕೊಳ್ಳಿ. ತಾಳಿ ಕಟ್ಟುವ ಫೋಟೊ ಎಲ್ಲಿ ಎಂದು ಗುಮಾಸ್ತರು ಕೇಳಿದಾಗ ಕೊಡಲು ಏನಾದರೂ ಇರಬೇಕು.