ತೂತಿಗೆ ತುರುಕಿದ ಕಾಗದ

ದಾವಣಗೆರೆ, ಚಿತ್ರದುರ್ಗದ ಕಡೆ ಯಾರದಾದರೂ ಮನೆಯ ಅಟ್ಟದಲ್ಲಿ ಹಳೇ ಸಿನಿಮಾ ಕ್ಯಾಸೆಟ್ ಸಿಕ್ಕರೆ, ಎಸೆಯುವ ಮೊದಲು ಅದರ ಬೆನ್ನು ನೋಡಿ. ಮೇಲೆ ಇನ್ನೇನೂ ರೆಕಾರ್ಡ್ ಆಗದಿರಲಿ ಅಂತ ಕಂಪನಿ ಕ್ಯಾಸೆಟ್ಟಿಗೆ ಅಲ್ಲಿ ಎರಡು ತೂತು ಬಿಟ್ಟಿರುತ್ತಾರೆ. ಆ ತೂತಿಗೆ ಕಾಗದ ತುರುಕಿದ್ದರೆ, ಸೆಲೋಟೇಪ್ ಅಂಟಿಸಿದ್ದರೆ, ಸಿನಿಮಾ ಹಾಡಿನ ಮೇಲೆ ಯಾರೋ ತಮ್ಮ ದನಿ ತುಂಬಿದ್ದಾರೆ ಅಂತಲೇ ಲೆಕ್ಕ. ಪಾಳಿ ಮುಗಿಸಿ ಬಂದು ಪದ ಕಟ್ಟಿದ ಮಿಲ್ ಕಾರ್ಮಿಕರು, ಭಜನಾ ಮಂಡಳಿಯವರು, ಸೋಬಾನೆ ಧಾಟಿಗೆ ಹೊಸ ಮಾತು ಕೂರಿಸಿದ ಹೆಣ್ಣುಮಕ್ಕಳು, ಇಂಥವರ ಹಾಡಿಗೆ ಬಹಳ ಸಲ ಅದೊಂದೇ ಪ್ರತಿ.

ಅದನ್ನು ಕಂಪ್ಯೂಟರಿಗೆ ಇಳಿಸಿ ಉಳಿಸಿಕೊಳ್ಳಬೇಕು, ಆದರೆ ಕೈಗೆ ಬಂದ ಕೂಡಲೇ ಪ್ಲೇ ಒತ್ತಬೇಡಿ. ರೀಲಿನ ಮೇಲೆ ಬಿಳಿ ಬೂಷ್ಟು ಕಂಡರೆ ಆ ಕ್ಯಾಸೆಟ್ ಬೇರೆ ಇಡಿ; ಬೂಷ್ಟು ಟೇಪ್ ರೆಕಾರ್ಡರಿನಲ್ಲಿ ರೀಲು ಓದುವ ಹೆಡ್ಡಿಗೆ ಹತ್ತಿ ಮುಂದಿನ ಕ್ಯಾಸೆಟ್ಟಿಗೂ ಹೋಗುತ್ತದೆ. ರೀಲಿನ ಹಿಂದೆ ತೆಳು ಪಟ್ಟಿಯ ಮೇಲೆ ಬೆರಳುಗುರಿಗಿಂತ ಸಣ್ಣದೊಂದು ಮೆತ್ತೆ ಇರುತ್ತದೆ. ಅಂಟು ಒಣಗಿ ಅದು ಉದುರಿದರೆ ರೀಲು ಹೆಡ್ಡಿಗೆ ಒತ್ತುವುದಿಲ್ಲ, ದನಿ ಮಂಕಾಗಿ ಬಂದು ಹೋಗಿ ಮಾಡುತ್ತದೆ. ರೀಲೇ ಕೆಟ್ಟಿದೆ ಅಂದುಕೊಂಡು ಎಸೆಯುವವರು ಇಲ್ಲೇ ಎಡವುವುದು. ಐದು ಸ್ಕ್ರೂ ಇರುವ ಬೇರೆ ಕ್ಯಾಸೆಟ್ ಬಿಚ್ಚಿ, ಅದರ ಡಬ್ಬಿಗೆ ರೀಲು ವರ್ಗಾಯಿಸಿದರೆ ಸಾಕು. ತುಂಡಾದ ರೀಲಿಗೆ, ರೀಲು ಜೋಡಿಸಲೆಂದೇ ಇರುವ ಸ್ಪ್ಲೈಸಿಂಗ್ ಟೇಪೇ ಆಗಬೇಕು. ಸೆಲೋಟೇಪಿನ ಗೋಂದು ದಾವಣಗೆರೆ ಬೇಸಿಗೆಗೆ ಕರಗಿ ಸುತ್ತುಗಳನ್ನೇ ಅಂಟಿಸಿಬಿಡುತ್ತದೆ.

ಹೆಡ್ಡನ್ನು 99% ಐಸೊಪ್ರೊಪೈಲ್ ಆಲ್ಕೊಹಾಲ್‌ನಿಂದ ಒರೆಸಿ, ಕ್ಯಾಸೆಟ್ಟನ್ನು ಒಮ್ಮೆ ಆ ತುದಿಯಿಂದ ಈ ತುದಿಗೆ ಓಡಿಸಿ. ಗುಸುಗುಸು ಸದ್ದು ತಗ್ಗಿಸುವ ಡಾಲ್ಬಿ ಗುಂಡಿ ಆಫ್ ಇರಲಿ. ಹೆಡ್ಡಿನ ಪಕ್ಕದ ಸಣ್ಣ ಸ್ಕ್ರೂವನ್ನು ಕೂದಲೆಳೆಯಷ್ಟು ತಿರುಗಿಸುತ್ತ, ಹಾಡಿನ 'ಸ', 'ಶ' ಅತ್ಯಂತ ಚೂಪಾಗಿ ಕೇಳುವಲ್ಲಿ ನಿಲ್ಲಿಸಿ. ಒಂದೊಂದು ಮನೆಯ ಟೇಪ್ ರೆಕಾರ್ಡರ್ ಒಂದೊಂದು ಥರ, ಹಾಗಾಗಿ ಪ್ರತಿ ಕ್ಯಾಸೆಟ್ಟಿಗೂ ಇದನ್ನು ಹೊಸದಾಗಿ ಮಾಡಬೇಕು. ಟೇಪ್ ರೆಕಾರ್ಡರಿನ ಲೈನ್ ಔಟ್ ತೂತಿನಿಂದ ಕಂಪ್ಯೂಟರಿಗೆ 24 ಬಿಟ್, 96 ಕಿಲೋಹರ್ಟ್ಸ್ ವೇವ್ (WAV) ಫೈಲ್ ತೆಗೆಯಿರಿ, ಜೋರು ದನಿ -6 ಡೆಸಿಬಲ್ ದಾಟದಿರಲಿ. 60 ನಿಮಿಷದ ಕ್ಯಾಸೆಟ್ಟಿಗೆ ಸುಮಾರು 2 ಜಿಬಿ ಜಾಗ ಹಿಡಿಯುತ್ತದೆ.

ದನಿ ಬರಬರುತ್ತ ಕೀರಲಾದರೆ ಹಾಡಿದವರನ್ನು ದೂರಬೇಡಿ. ರೆಕಾರ್ಡ್ ಮಾಡುವಾಗ ಸೆಲ್ಲು ಇಳಿದು ರೀಲು ನಿಧಾನಕ್ಕೆ ಓಡಿರುತ್ತದೆ. ಈಗ ಸರಿಯಾದ ವೇಗದಲ್ಲಿ ಹಾಕಿದರೆ ಹಾಡು ಮೇಲೇರುತ್ತದೆ. ಜೊತೆಗೆ ಹಾರ್ಮೋನಿಯಂ ಇದ್ದರೆ ಅದೇ ಅಳತೆಗೋಲು. ಷಡ್ಜ ಹಾರ್ಮೋನಿಯಂನ ಎರಡು ಮನೆಗಳ (ಕೀಲಿಗಳ) ನಡುವೆ ಬಿದ್ದರೆ ವೇಗ ತಪ್ಪಿದೆ ಎಂದೇ ಅನುಮಾನಿಸಿ. ತಿದ್ದುವುದೆಲ್ಲ ನಕಲು ಪ್ರತಿಯಲ್ಲಿ. ಕುಕ್ಕರ್ ಸೀಟಿ, ಮಗುವಿನ ಅಳು, ನಡುವೆ ತಪ್ಪಿದ ತಾಳ ಮೂಲ ಫೈಲಿನಲ್ಲಿ ಹಾಗೇ ಇರಬೇಕು. ಆ ಹಾಡು ಹುಟ್ಟಿದ ಮನೆ ಅದು.

ಕಟ್ಟಿದವರು ಯಾರೆಂದು ಚೀಟಿಯಲ್ಲಿಲ್ಲದಿದ್ದರೆ ಕೊನೇ ನುಡಿ ಕೇಳಿ, ತತ್ವಪದದ ಜಾಡಿನವರು ಅಂಕಿತ ಇಟ್ಟಿರುತ್ತಾರೆ. ನಮ್ಮಲ್ಲಿ ಸಾಹಿತ್ಯದ ಹಕ್ಕು ಬರೆದವರ ಕಾಲಾನಂತರ 60 ವರ್ಷ ಇರುತ್ತದೆ. ಹಾಡನ್ನು ಹೊರಗೆ ಹಂಚಲು ಕ್ಯಾಸೆಟ್ ಕೊಟ್ಟವರ ಒಪ್ಪಿಗೆಯೊಂದೇ ಸಾಲದು, ಬರೆದವರ ಮನೆಯವರನ್ನೂ ಕೇಳಬೇಕು. ಕೇಳಲು ಹೋದಾಗ ಹಾಡಿನ ನೋಟ್‌ಬುಕ್ ಇದೆಯಾ ಅಂತ ವಿಚಾರಿಸಿ, ಪ್ರತಿ ಪುಟದ ಫೋಟೋ ತೆಗೆಯಿರಿ. ರೀಲು ನುಂಗಿದ ಮಾತು ಅಲ್ಲಿ ಸಿಗುತ್ತದೆ. ಹಾಡಿನ ತಲೆಯ ಮೇಲೆ 'ಧಾಟಿ:' ಅಂತ ಬರೆದು ಯಾವುದೋ ಸಿನಿಮಾ ಹಾಡಿನ ಮೊದಲ ಸಾಲು ಕೊಟ್ಟಿದ್ದರೆ, ಆ ಧಾಟಿಗೆ ಬೇರೆ ಒಡೆಯರಿದ್ದಾರೆ. ಅಂಥದ್ದನ್ನು ಜೋಪಾನವಾಗಿಡಿ, ಯೂಟ್ಯೂಬಿಗೆ ಏರಿಸಬೇಡಿ.